ಕನಿಕರದ ಸುಳ್ಳು: ಇರಾನಿನ ಚಲಚ್ಚಿತ್ರಗಳೂ ಕನ್ನಡದ ಪ್ರೇಕ್ಷಕರೂ

ಬೆಂಗಳೂರಿನ ಬನಶಂಕರಿ ಎರಡನೆಯ ಹಂತದಲ್ಲಿ ಸುಚಿತ್ರಾ ಫಿಲ್ಮ್ ಸೊಸೈಟಿಯವರ ಭವನವಿದೆ. 1971ರಲ್ಲಿ ಸ್ಥಾಪಿತವಾದ ಈ ಸಂಘವು ಅನ್ಯದೇಶಗಳ ಉತ್ತಮ ಚಲಚ್ಚಿತ್ರಗಳನ್ನು ಕನ್ನಡಿಗರ ಕಣ್ಣಿಗೆ ತಂದುಕೊಟ್ಟ ಸಂಸ್ಥೆಗಳಲ್ಲಿ ಮುಖ್ಯವಾದುದು. ಕುಮಾರಸ್ವಾಮಿ ಲೇಔಟಿನ ದಿಣ್ಣೆಯಿಂದ ಅಲ್ಲಿಗೆ ದೂರವೇನೂ ಇಲ್ಲ. ಆ ಬಡಾವಣೆಯ, ಜಯನಗರದ, ಬಸವನಗುಡಿಯ ವಿದ್ಯಾವಂತ ಕುಟುಂಬಗಳಲ್ಲಿ ಇರಾನ್ ದೇಶದ ಚಿತ್ರಗಳನ್ನು ನೋಡಿ ಮೆಚ್ಚಿದವರು ಹಲವರಿದ್ದಾರೆ. 2006ರಲ್ಲಿ ಮೊದಲಾದ ಬೆಂಗಳೂರು ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಿಂದ ಆ ಮೆಚ್ಚಿಕೆ ಇನ್ನಷ್ಟು ಹಬ್ಬಿತು. ಈಗಂತೂ ಅಂಗೈಯ ಮೇಲಿನ ಫೋನಿನಲ್ಲಿಯೇ ಟೆಹರಾನಿನ ಬೀದಿ ಕಾಣಿಸಿಕೊಳ್ಳುತ್ತದೆ.

ಈ ಚಿತ್ರಗಳನ್ನು ಹೊಗಳುವವರು ಸಾಮಾನ್ಯವಾಗಿ ಬಳಸುವ ಮಾತು ಒಂದೇ: ‘ಎಷ್ಟು ಸಾದಾ ಕಥೆ!’ ಕಳೆದುಹೋದ ಒಂದು ಜೊತೆ ಬೂಟು, ತಪ್ಪಿ ಬಂದ ಒಂದು ನೋಟುಪುಸ್ತಕ. ಇಷ್ಟರಿಂದಲೇ ಕಣ್ಣಲ್ಲಿ ನೀರು ತರಿಸುತ್ತಾರೆ ಎಂಬುದು ಅವರ ಬೆರಗು. ಆ ಬೆರಗು ಸುಳ್ಳಲ್ಲ. ಆದರೆ ‘ಸಾದಾ’ ಎಂಬ ಹೊಗಳಿಕೆ ಈ ಕೃತಿಗಳಿಗೆ ನ್ಯಾಯ ಸಲ್ಲಿಸುತ್ತದೆಯೆ ಎಂಬುದು ವಿಚಾರ ಮಾಡತಕ್ಕ ವಿಷಯ.

ವಿನೋದವೆಂದರೆ ‘ಸಾದಾ’ ಎಂಬ ಆ ಶಬ್ದವೂ ಫಾರಸಿಯದೇ. ಸರ್ಕಾರ, ಜಮೀನು, ಗುಮಾಸ್ತೆ, ಕಾರಖಾನೆ, ದರ್ಜಿ, ಗುಲಾಬಿ, ಇವೆಲ್ಲ ಆ ನುಡಿಯಿಂದ ಬಂದು ಕನ್ನಡದ ಮನೆಮಕ್ಕಳಾದುವು. ಹೈದರಾಲಿಯು 1760ರಲ್ಲಿ ಮೊದಲುಮಾಡಿದ ಲಾಲ್‌ಬಾಗಿನಲ್ಲಿ ‘ಬಾಗ್’ ಎಂಬುದು ಫಾರಸಿಯ ತೋಟ. 1926ರಿಂದ 1941ರವರೆಗೆ ಮೈಸೂರಿನ ದಿವಾನರಾಗಿದ್ದ ಮಿರ್ಜಾ ಇಸ್ಮಾಯಿಲರ ಹಿರಿಯರು ಕುದುರೆಯ ವ್ಯಾಪಾರಕ್ಕಾಗಿ ಷಿರಾಜಿನಿಂದ ಬೆಂಗಳೂರಿಗೆ ಬಂದವರು. ಹೀಗೆ ನೆಂಟಸ್ತಿಕೆ ಹಳೆಯದಾದರೂ ಇರಾನಿನ ಬಾಳನ್ನು ಕನ್ನಡಿಗರು ನೇರವಾಗಿ ಇಣಿಕಿ ನೋಡಿದ್ದು ಕಡಮೆ. ಡಿ. ವಿ. ಗುಂಡಪ್ಪನವರ ‘ಉಮರನ ಒಸಗೆ’ ಕನ್ನಡದ ರಸಿಕರ ಮನೆಗಳಲ್ಲಿ ನೆಲೆಗೊಂಡ ಕಾವ್ಯ. ಅದರ ಹಿಂದೆ ಇದ್ದುದು 1859ರಲ್ಲಿ ಮೊದಲು ಅಚ್ಚಾದ ಫಿಟ್ಸ್‌ಜೆರಾಲ್ಡನ ಇಂಗ್ಲಿಷ್ ಕಾವ್ಯ. ಗುಂಡಪ್ಪನವರು ತಮ್ಮ ಮನೋಧರ್ಮವನ್ನು ಬೆರೆಸಿ ಅದನ್ನು ಕನ್ನಡದ ಸೊತ್ತಾಗಿ ಮಾಡಿದರು. ಆದರೂ ಆ ಕಿಟಕಿಯನ್ನು ಕೊರೆದವನು ಆಂಗ್ಲನೇ. ಗುಲಾಬಿಯ ತೋಟ, ಮಧುಪಾತ್ರೆ, ಕುಂಬಾರನ ಅಂಗಡಿ, ಇವು ಆ ಕಿಟಕಿಯೊಳಗಿಂದ ಕಂಡ ಇರಾನು. ಇಂದಿನವರಿಗೆ ಕಾಣುವ ಎರಡನೆಯ ಇರಾನು ಕಾನ್, ವೆನಿಸ್, ಬರ್ಲಿನ್ ನಗರಗಳ ಉತ್ಸವಗಳಲ್ಲಿ ಆಯ್ಕೆಯಾಗಿ ಬಂದದ್ದು. ಮೊದಲನೆಯದರಲ್ಲಿ ದ್ರಾಕ್ಷಾರಸ, ಎರಡನೆಯದರಲ್ಲಿ ಮುಗ್ಧರಾದ ಮಕ್ಕಳು. ಎರಡೂ ಕಡೆ ಆಯ್ದವರು ಬೇರೆಯವರು.

ಕನ್ನಡಿಗನು ತನ್ನ ಮನೆಯ ಬಾಗಿಲಿನಿಂದಲೇ ಹೊರಟು ಆ ದೇಶವನ್ನು ತಲುಪಲು ದಾರಿಯೊಂದಿದೆ. ಅದು ಹಸುವಿನ ದಾರಿ.

1969ರಲ್ಲಿ ದಾರ್ಯೂಶ್ ಮೆಹರ್‌ಜುಯಿ ಎಂಬ ತರುಣ ನಿರ್ದೇಶಕರು ‘ಗಾವ್’ ಎಂಬ ಚಿತ್ರವನ್ನು ನಿರ್ಮಿಸಿದರು. ಫಾರಸಿಯ ‘ಗಾವ್’ ಸಂಸ್ಕೃತದ ‘ಗೋ’ ಶಬ್ದದ ಒಡಹುಟ್ಟು; ಶೀರ್ಷಿಕೆಗೆ ಅನುವಾದವೇ ಬೇಡ. ಕಥೆ ಗುಲಾಮ್ ಹುಸೇನ್ ಸಾಯೆದಿ ಎಂಬವರದು. ಅವರು ತಬ್ರೀಜಿನವರು, ವೃತ್ತಿಯಿಂದ ಮನೋವೈದ್ಯರು. ಬಯಲ್ ಎಂಬ ಕಲ್ಪಿತ ಹಳ್ಳಿಯ ದುಃಖಗಳನ್ನು ಕುರಿತು 1964ರಲ್ಲಿ ಅವರು ಪ್ರಕಟಿಸಿದ ಕಥಾಮಾಲೆಯಿಂದ ಇದನ್ನು ತೆಗೆದುಕೊಂಡದ್ದು.

ಆ ಹಳ್ಳಿಗೆಲ್ಲ ಇರುವುದು ಒಂದೇ ಹಸು. ಅದು ಹಸನನದು. ಅವನಿಗೆ ಹೆಂಡತಿಯುಂಟು, ಮಕ್ಕಳಿಲ್ಲ. ಹಸುವನ್ನು ನೀರಿಗಿಳಿಸಿ ಮೈತೊಳೆಯುತ್ತಾನೆ. ತನ್ನ ಅಂಗಿಯಿಂದಲೇ ಒರಸುತ್ತಾನೆ. ನೆರೆಹಳ್ಳಿಯ ಬಲೂರಿಗಳೆಂಬ ಕಳ್ಳರು ಬಂದಾರೆಂದು ಕೊಟ್ಟಿಗೆಯಲ್ಲಿಯೇ ಮಲಗುತ್ತಾನೆ. ಹಸು ಗಬ್ಬವಾಗಿದೆ. ಒಂದು ದಿನ ಅವನು ಕಾರ್ಯಾಂತರದಿಂದ ಊರು ಬಿಟ್ಟು ಹೋದಾಗ ಅದು ಕೊಟ್ಟಿಗೆಯಲ್ಲಿ ಸತ್ತು ಬಿದ್ದಿರುತ್ತದೆ. ಏಕೆ ಸತ್ತಿತೆಂದು ಚಿತ್ರ ಹೇಳುವುದಿಲ್ಲ. ಹೆಂಡತಿಯ ಗೋಳನ್ನು ಕೇಳಿ ಊರು ಕೂಡುತ್ತದೆ. ಹಸನನಿಗೆ ಇದನ್ನು ಹೇಗೆ ತಿಳಿಸುವುದು? ಯಾರಿಗೂ ಧೈರ್ಯವಿಲ್ಲ. ಊರಿನಲ್ಲಿ ಬುದ್ಧಿವಂತನೆನಿಸಿದ ಇಸ್ಲಾಮ್ ಎಂಬವನ ಸಲಹೆಯಂತೆ ಹಸುವನ್ನು ಹಾಳುಬಾವಿಯಲ್ಲಿ ಹೂಳಿ, ‘ಹಸು ತಪ್ಪಿಸಿಕೊಂಡು ಓಡಿಹೋಯಿತು’ ಎಂದು ಹೇಳುವುದೆಂದು ನಿಶ್ಚಯಿಸುತ್ತಾರೆ. ಊರಿನ ಹುಚ್ಚನೊಬ್ಬ ಬಾಯಿಬಿಟ್ಟಾನೆಂದು ಅವನನ್ನು ಕಟ್ಟಿಹಾಕುತ್ತಾರೆ.

ಇಲ್ಲಿ ಯಾರೂ ದುಷ್ಟರಲ್ಲ. ಒಬ್ಬ ಬಡವನ ಎದೆ ಒಡೆಯದಿರಲೆಂಬ ಕನಿಕರದಿಂದಲೇ ಊರಿಗೆ ಊರೇ ಸುಳ್ಳಾಡುತ್ತದೆ. ಆ ಸುಳ್ಳನ್ನು ಹಸನನು ನಂಬುವುದಿಲ್ಲ. ತನ್ನ ಹಸು ತನ್ನನ್ನು ಬಿಟ್ಟು ಓಡುವಂಥದಲ್ಲವೆಂಬುದು ಅವನು ಬಲ್ಲ ಒಂದೇ ಸತ್ಯ. ಊರಿನ ಮಾತನ್ನು ಒಪ್ಪಿದರೆ ಹಸುವಿನ ಪ್ರೀತಿ ಸುಳ್ಳಾಗಬೇಕು. ಪ್ರೀತಿ ನಿಜವೆಂದರೆ ಊರು ಸುಳ್ಳಾಗಬೇಕು. ಅತ್ತಿತ್ತ ಹೋಗಲಾರದೆ ಅವನ ಬುದ್ಧಿ ಮೂರನೆಯ ದಾರಿಯೊಂದನ್ನು ಕಂಡುಕೊಳ್ಳುತ್ತದೆ: ಹಸು ಓಡಿಹೋಗಿಲ್ಲ, ಕೊಟ್ಟಿಗೆಯಲ್ಲಿಯೇ ಇದೆ, ಅದು ತಾನೇ. ಅವನು ಹುಲ್ಲು ತಿನ್ನತೊಡಗುತ್ತಾನೆ. ತಾನು ಹಸನನಲ್ಲ, ಹಸನನ ಹಸು ಎನ್ನುತ್ತಾನೆ. ಕಾಪಾಡಲು ಹಸನನನ್ನೇ ಕೂಗಿ ಕರೆಯುತ್ತಾನೆ. ಇಜ್ಜತುಲ್ಲಾ ಇಂತಜಾಮಿಯವರು ಈ ಪಾತ್ರವನ್ನು ವಹಿಸಿರುವ ರೀತಿಯನ್ನು ಅಭಿನಯವೆಂದು ಕರೆಯಲು ಸಂಕೋಚವಾಗುತ್ತದೆ. ಕಣ್ಣಿನ ರೆಪ್ಪೆಯ ಭಾರ, ದವಡೆಯ ಚಲನೆ, ಕತ್ತು ತಿರುಗುವ ನಿಧಾನ, ಎಲ್ಲಿಯೂ ನಗೆ ಬರಿಸದೆ ಮನುಷ್ಯನೊಬ್ಬ ಪಶುವಾಗಿ ಇಳಿಯುತ್ತಾನೆ.

ಕೊನೆಗೆ ಇಸ್ಲಾಮನೂ ಇನ್ನಿಬ್ಬರೂ ಅವನನ್ನು ಹಗ್ಗದಿಂದ ಬಿಗಿದು ಪಟ್ಟಣದ ಆಸ್ಪತ್ರೆಗೆಂದು ಎಳೆದುಕೊಂಡು ಹೊರಡುತ್ತಾರೆ. ಮಳೆ, ಕೆಸರು, ಗುಡ್ಡದ ದಾರಿ. ಹಸನನು ಮುಂದೆ ನಡೆಯಲೊಲ್ಲ. ತಾಳ್ಮೆಗೆಟ್ಟ ಇಸ್ಲಾಮನು ಚಾವಟಿ ಬೀಸಿ, ಪಶುವನ್ನು ಅಟ್ಟುವಂತೆ ಅಟ್ಟುತ್ತ, ‘ಹೈವಾನ್’ ಎಂದು ಕೂಗುತ್ತಾನೆ. ಬೆಂಗಳೂರಿನ ಬೀದಿಗಳಲ್ಲಿಯೂ ಕೇಳಿಬರುವ ಮಾತು ಇದು, ಮೃಗವೆಂದು ಅರ್ಥ. ಆ ಮಾತು ಬಾಯಿಂದ ಬಿದ್ದ ಗಳಿಗೆಯಲ್ಲಿ ಹಸನನೊಬ್ಬನ ಭ್ರಮೆ ಊರಿನ ಭ್ರಮೆಯಾಗಿಬಿಡುತ್ತದೆ. ಎಲ್ಲರಿಗಿಂತ ಹೆಚ್ಚು ಕನಿಕರವುಳ್ಳವನೇ ಅವನನ್ನು ಪಶುವೆಂದು ಒಪ್ಪಿದನು. ಹಸನನು ಹಗ್ಗ ಕಿತ್ತುಕೊಂಡು ಓಡಿ, ಇಳಿಜಾರಿನಲ್ಲಿ ಉರುಳಿ, ಕೆಸರಿನಲ್ಲಿ ಸಾಯುತ್ತಾನೆ. ಅತ್ತ ಹಳ್ಳಿಯಲ್ಲಿ ಮದುವೆಯೊಂದು ನಡೆದಿದೆ.

ಗೋವಿನ ಹಾಡನ್ನು ಕೇಳುತ್ತ ಬೆಳೆದ ಕನ್ನಡಿಗನಿಗೆ ಇದು ಹೇಗೆ ಕಂಡೀತು? ಅಲ್ಲಿಯೂ ಒಂದು ಹಸು, ಒಂದು ಮಾತು, ಒಂದು ಸಾವು. ಪುಣ್ಯಕೋಟಿಗೆ ಹುಲಿಯ ಬಳಿ ಸುಳ್ಳಾಡುವ ಎಲ್ಲ ಅವಕಾಶವೂ ಇತ್ತು. ಕರುವಿಗಾಗಿ ಸುಳ್ಳಾಡಿದ್ದರೆ ಲೋಕ ಕ್ಷಮಿಸುತ್ತಿತ್ತು. ಜೊತೆಯ ಹಸುಗಳೂ ಹೋಗಬೇಡವೆಂದೇ ಹೇಳುತ್ತವೆ. ಆಡಿದ ಮಾತಿಗೆ ತಪ್ಪದೆ ಅದು ಗುಹೆಯ ಬಾಗಿಲಿಗೆ ಹಿಂದಿರುಗುತ್ತದೆ; ಹುಲಿ ನಾಚಿ ಪ್ರಾಣ ಬಿಡುತ್ತದೆ. ಸತ್ಯವೊಂದನ್ನು ಬಿಗಿಯಾಗಿ ಹಿಡಿದರೆ ಕ್ರೌರ್ಯವೂ ಕರಗುತ್ತದೆಂಬ ನಂಬಿಕೆ ಆ ಹಾಡಿನ ಜೀವ. ‘ಗಾವ್’ ಚಿತ್ರದಲ್ಲಿ ಎಲ್ಲವೂ ತಿರುವುಮುರುವು. ಕ್ರೂರಿಯೇ ಇಲ್ಲ. ಸತ್ಯವನ್ನು ಹೇಳಬಲ್ಲವನನ್ನು ಕಟ್ಟಿಹಾಕಿದ್ದಾರೆ. ಕರುಣೆಯೇ ಕೊಲ್ಲುತ್ತದೆ. ಕನ್ನಡದ ಹಾಡನ್ನು ಕನ್ನಡಿಯಂತೆ ಹಿಡಿದು ನೋಡಿದಾಗ ಇರಾನಿನ ಚಿತ್ರದ ಮುಖ ತಟ್ಟನೆ ಸ್ಪಷ್ಟವಾಗುತ್ತದೆ: ಅದರ ವಸ್ತು ಬಡತನವಲ್ಲ, ಹುಚ್ಚೂ ಅಲ್ಲ, ಕನಿಕರದಿಂದ ಆಡಿದ ಸುಳ್ಳು.

ಈ ವಸ್ತು ಆ ನಾಡಿಗೆ ಹೊಸದೂ ಅಲ್ಲ. ಇರಾನಿನ ಪ್ರಾಚೀನ ಚಕ್ರವರ್ತಿಗಳು ಸುಳ್ಳನ್ನು ಮಹಾಪಾಪವೆಂದು ಎಣಿಸಿದ್ದರು. ದಾರಯನು ಬೆಹಿಸ್ತೂನಿನ ಬಂಡೆಯ ಮೇಲೆ ಕೆತ್ತಿಸಿದ ಶಾಸನದಲ್ಲಿ ತನ್ನ ಶತ್ರುಗಳ ಮೇಲೆ ಹೊರಿಸುವ ದೋಷ ಅಸತ್ಯವೇ. ಪರ್ಸೆಪೊಲಿಸಿನ ಇನ್ನೊಂದು ಶಾಸನದಲ್ಲಿ ಸೇನೆ, ಕ್ಷಾಮ, ಸುಳ್ಳು ಈ ಮೂರರಿಂದ ನಾಡನ್ನು ಕಾಯಬೇಕೆಂದು ದೇವರಲ್ಲಿ ಮೊರೆಯಿದೆ. ಆದರೆ ಅದೇ ನಾಡಿನ ಷಿರಾಜಿನಲ್ಲಿ 13ನೆಯ ಶತಮಾನದ ಸಾದಿ ಕವಿ 1258ರಲ್ಲಿ ರಚಿಸಿದ ‘ಗುಲಿಸ್ತಾನ್’ ಗ್ರಂಥದ ಮೊದಲ ಕಥೆಯಲ್ಲಿಯೇ, ಮರಣದಂಡನೆಗೆ ಗುರಿಯಾದ ಸೆರೆಯಾಳಿನ ಬೈಗುಳನ್ನು ಮುಚ್ಚಿ, ಅವನು ಕ್ಷಮೆಯ ಮಾತನಾಡಿದನೆಂದು ರಾಜನಿಗೆ ಸುಳ್ಳು ಹೇಳಿದ ಮಂತ್ರಿಯೊಬ್ಬನಿದ್ದಾನೆ. ನಿಜವನ್ನು ಹೇಳಿದ ಇನ್ನೊಬ್ಬ ಮಂತ್ರಿಗಿಂತ ಇವನೇ ಮೇಲೆಂದು ರಾಜನು ತೀರ್ಮಾನಿಸುತ್ತಾನೆ. ಫಾರಸಿ ಕಲಿಯುವ ಮಕ್ಕಳು ಶತಮಾನಗಳ ಕಾಲ ಓದಿದ ಪಠ್ಯ ಅದು. ಹೀಗೆ ಆ ಸಂಸ್ಕೃತಿಯ ಒಂದು ಕಿವಿಯಲ್ಲಿ ದಾರಯನ ಶಾಪ, ಇನ್ನೊಂದು ಕಿವಿಯಲ್ಲಿ ಸಾದಿಯ ಬುದ್ಧಿವಾದ. ಮನೋವೈದ್ಯರಾದ ಸಾಯೆದಿಯವರು ಕೇಳಿದ ಪ್ರಶ್ನೆ ಬೇರೆ: ಆ ಸೆರೆಯಾಳು ಬದುಕಿಕೊಂಡನು, ಸರಿ, ಸುಳ್ಳು ಹೇಳಿಸಿಕೊಂಡವನ ಗತಿಯೇನು?

ಕನ್ನಡಿಗರಿಗೆ ಸತ್ಯವೊಂದೇ ಗೊತ್ತು, ಇರಾನಿಗರಿಗೆ ಸುಳ್ಳು ಗೊತ್ತು ಎಂದು ಯಾರಾದರೂ ಇದರಿಂದ ತಿಳಿದರೆ ಅದು ಅವಿವೇಕ. ಕಳ್ಳರಿಗೆ ನಿಜ ನುಡಿದು ನರಕ ಸೇರಿದ ಕೌಶಿಕನ ಕಥೆ ಭಾರತದಲ್ಲಿಯೇ ಇದೆ. ‘ಗಾವ್’ ತೆರೆಗೆ ಬಂದ ಮರುವರ್ಷ, 1970ರಲ್ಲಿ, ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’ ಬಂದಿತು. ಅನಂತಮೂರ್ತಿಯವರ 1965ರ ಕಾದಂಬರಿ ಅದರ ಮೂಲ. ಎರಡನ್ನೂ ಒಟ್ಟಿಗೆ ಇಟ್ಟು ನೋಡಿದವರಿಗೆ ಮೈ ಜುಮ್ಮೆನ್ನುತ್ತದೆ. ಅಲ್ಲಿ ಹಸುವಿನ ಶವವನ್ನು ಕಾಣದಂತೆ ಅವಸರದಿಂದ ಹೂಳುತ್ತಾರೆ. ಇಲ್ಲಿ ನಾರಣಪ್ಪನ ಶವವನ್ನು ಯಾರೂ ಮುಟ್ಟಲೊಲ್ಲದೆ ಅಗ್ರಹಾರದ ನಡುವೆ ಕೊಳೆಯಬಿಡುತ್ತಾರೆ. ಅಲ್ಲಿ ಕನಿಕರ ಹೆಚ್ಚಾಯಿತು, ಇಲ್ಲಿ ಧರ್ಮಜಿಜ್ಞಾಸೆ ಹೆಚ್ಚಾಯಿತು. ಕೊನೆಗೆ ಆ ಶವಕ್ಕೆ ರಾತ್ರಿಯಲ್ಲಿ ಗುಟ್ಟಾಗಿ ಬೆಂಕಿ ಕಾಣಿಸಿದವಳು ಚಂದ್ರಿ. ಅದನ್ನು ಅಗ್ರಹಾರಕ್ಕೆ ಹೇಳದೆ ಹೊರಟುಹೋಗುತ್ತಾಳೆ. ಅದೂ ಕನಿಕರದಿಂದಾದ ಒಂದು ಮೌನವೇ. ಅದು ಕೊಲ್ಲುವುದಿಲ್ಲ, ಬಿಡಿಸುತ್ತದೆ. ಈ ಎರಡು ಹಳ್ಳಿಗಳ ಹೋಲಿಕೆಯನ್ನು ಕನ್ನಡದ ವಿಮರ್ಶೆ ಇನ್ನಷ್ಟು ದೂರ ಕೊಂಡೊಯ್ಯಬೇಕಾಗಿದೆ. ಭೈರಪ್ಪನವರ ಕಾದಂಬರಿಯಿಂದ ಕಾರ್ನಾಡ್-ಕಾರಂತರು 1977ರಲ್ಲಿ ತೆಗೆದ ‘ತಬ್ಬಲಿಯು ನೀನಾದೆ ಮಗನೆ’ ಹಸುವನ್ನೇ ಕುರಿತದ್ದಾದರೂ ಅದರ ವ್ಯಾಜ್ಯ ಪೂರ್ವ-ಪಶ್ಚಿಮಗಳದು. ಅದಕ್ಕೂ ಹಸನನಿಗೂ ನಂಟು ಹೊರನೋಟದ್ದು ಮಾತ್ರ.

‘ಗಾವ್’ ಚಿತ್ರದ ಮುಂದಿನ ಚರಿತ್ರೆಯೂ ಈ ವಸ್ತುವಿಗೆ ಒಪ್ಪುವಂತೆಯೇ ನಡೆಯಿತು. ಷಾ ದೊರೆಯ ಸರ್ಕಾರವು ಹಣ ಕೊಟ್ಟು ಮಾಡಿಸಿ, ಮಾಡಿದ ಮೇಲೆ ಅದನ್ನು ನೋಡಿ ಬೆಚ್ಚಿ ತಡೆಹಿಡಿಯಿತು. ಎಣ್ಣೆಯ ಸಂಪತ್ತಿನಿಂದ ಮೆರೆಯುವ ದೇಶದಲ್ಲಿ ಒಂದೇ ಹಸುವಿನ ಹಳ್ಳಿಯೆ? ಈ ಕಥೆ ನಡೆದದ್ದು ನಾಲ್ವತ್ತು ವರ್ಷಗಳ ಹಿಂದೆ ಎಂಬ ಒಕ್ಕಣೆಯನ್ನು ಸೇರಿಸಿದ ಮೇಲೆಯೇ ಅದಕ್ಕೆ ಬಿಡುಗಡೆ. ಸುಳ್ಳನ್ನು ಕುರಿತ ಚಿತ್ರಕ್ಕೆ ಸರ್ಕಾರವು ಸುಳ್ಳಿನ ತಿಲಕವಿಟ್ಟು ಕಳುಹಿಸಿತು. ಇದು ಕನಿಕರದ್ದಲ್ಲ, ನಾಚಿಕೆಯದು. 1971ರಲ್ಲಿ ಚಿತ್ರವನ್ನು ಗುಟ್ಟಾಗಿ ವೆನಿಸಿಗೆ ಸಾಗಿಸಿದರು. ಕೆಳಗೆ ಭಾಷಾಂತರದ ಸಾಲುಗಳಿಲ್ಲದೆಯೇ ಅದು ಅಲ್ಲಿನ ವಿಮರ್ಶಕರ ಬಹುಮಾನವನ್ನು ಗೆದ್ದಿತು. ಅದೇ ವರ್ಷದ ಅಕ್ಟೋಬರಿನಲ್ಲಿ ಷಾ ದೊರೆಯು ಪರ್ಸೆಪೊಲಿಸಿನ ಅವಶೇಷಗಳ ಬಳಿ ಸಾಮ್ರಾಜ್ಯದ 2,500 ವರ್ಷಗಳ ಉತ್ಸವವನ್ನು ದೇಶದೇಶದ ಅರಸರನ್ನು ಕರೆದು ನಡೆಸಿದನು. ಸುಳ್ಳಿನಿಂದ ನಾಡನ್ನು ಕಾಯೆಂದು ದಾರಯನು ಬರೆಯಿಸಿದ ಶಾಸನ ಅಲ್ಲಿಯೇ ಇತ್ತು.

ಸಾಯೆದಿಯವರನ್ನು 1974ರಲ್ಲಿ ಷಾ ದೊರೆಯ ಗುಪ್ತ ಪೊಲೀಸರು ಸೆರೆಹಿಡಿದು ಹಿಂಸಿಸಿದರು. 1979ರ ಕ್ರಾಂತಿಯ ಬಳಿಕ ಹೊಸ ಆಳ್ವಿಕೆಯಲ್ಲಿಯೂ ಅವರಿಗೆ ನೆಲೆ ಸಿಕ್ಕಲಿಲ್ಲ. ಪ್ಯಾರಿಸಿಗೆ ಹೋಗಿ 1985ರಲ್ಲಿ ಅಲ್ಲಿಯೇ ತೀರಿಕೊಂಡರು. ಚಿತ್ರವನ್ನು ಖೊಮೇನಿಯವರು ಮೆಚ್ಚಿದರೆಂದೂ, ಆ ಮೆಚ್ಚಿಕೆಯಿಂದ ಇರಾನಿನಲ್ಲಿ ಚಲಚ್ಚಿತ್ರವೆಂಬುದೇ ಉಳಿದುಕೊಂಡಿತೆಂದೂ ಹೇಳುವವರುಂಟು. ಮೆಹರ್‌ಜುಯಿ ಅವರು ಬಹುಕಾಲ ತಮ್ಮ ನಾಡಿನಲ್ಲಿಯೇ ಚಿತ್ರಗಳನ್ನು ತೆಗೆಯುತ್ತಿದ್ದು, 2023ರ ಅಕ್ಟೋಬರಿನಲ್ಲಿ ಕರಜ್ ನಗರದ ಬಳಿಯ ತಮ್ಮ ಮನೆಯಲ್ಲಿ ಪತ್ನಿಯೊಡನೆ ಕೊಲೆಗೀಡಾದರು. ಇದನ್ನೆಲ್ಲ ಓದುತ್ತ ದೂರದ ನಾಡಿನ ಕ್ರೌರ್ಯವೆಂದು ನಿಟ್ಟುಸಿರು ಬಿಡುವ ಬೆಂಗಳೂರಿಗರು ಒಂದನ್ನು ಮರೆಯಬಾರದು. ‘ಸಂಸ್ಕಾರ’ಕ್ಕೂ ಸೆನ್ಸಾರ್ ಮಂಡಲಿಯು ಮೊದಲು ಅಡ್ಡಿಮಾಡಿತ್ತು. ಅದರಲ್ಲಿ ಚಂದ್ರಿಯ ಪಾತ್ರ ವಹಿಸಿದ ಸ್ನೇಹಲತಾ ರೆಡ್ಡಿಯವರು ತುರ್ತು ಪರಿಸ್ಥಿತಿಯಲ್ಲಿ ಬೆಂಗಳೂರಿನ ಸೆರೆಮನೆಯಲ್ಲಿ ತಿಂಗಳುಗಟ್ಟಲೆ ನರಳಿ, ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ, ಕಣ್ಣುಮುಚ್ಚಿದರು.

ಇನ್ನು ಮಕ್ಕಳ ಚಿತ್ರಗಳು. ಕ್ರಾಂತಿಯ ಬಳಿಕ ಹೆಂಗಸರ ಪಾತ್ರಗಳ ಮೇಲೆ ಬಿದ್ದ ಕಟ್ಟುಗಳಿಂದಾಗಿ ನಿರ್ದೇಶಕರು ಮಕ್ಕಳ ಮರೆಹೊಕ್ಕರೆಂಬ ವಿವರಣೆ ಬಹಳ ಪ್ರಚಾರದಲ್ಲಿದೆ. ಅದು ಅರ್ಧ ಸತ್ಯ. ಮಕ್ಕಳ ಮತ್ತು ತರುಣರ ಬೌದ್ಧಿಕ ವಿಕಾಸಕ್ಕೆಂದು ‘ಕಾನೂನ್’ ಎಂಬ ಸಂಸ್ಥೆ 1965ರಲ್ಲಿಯೇ ಟೆಹರಾನಿನಲ್ಲಿ ಹುಟ್ಟಿತ್ತು. ಅದರ ಚಲಚ್ಚಿತ್ರ ವಿಭಾಗವನ್ನು ಕಟ್ಟಿದವರಲ್ಲಿ ಅಬ್ಬಾಸ್ ಕಿಯಾರೊಸ್ತಮಿ ಮುಖ್ಯರು. ಮಗು ಆ ಚಿತ್ರಗಳಿಗೆ ಬಂದದ್ದು ಕೇವಲ ಭಯದಿಂದಲ್ಲ.

ಕಿಯಾರೊಸ್ತಮಿಯವರ ‘ಗೆಳೆಯನ ಮನೆ ಎಲ್ಲಿ?’ (1987) ಚಿತ್ರವನ್ನು ಸುಳ್ಳಿನ ಸೂತ್ರವನ್ನು ಹಿಡಿದು ಮತ್ತೊಮ್ಮೆ ನೋಡಬೇಕು. ಅಹಮದನೆಂಬ ಎಂಟು ವರ್ಷದ ಹುಡುಗನು ಗೆಳೆಯನ ನೋಟುಪುಸ್ತಕವನ್ನು ತಪ್ಪಿ ತಂದಿದ್ದಾನೆ. ನಾಳೆ ಅದರಲ್ಲಿ ಪಾಠ ಬರೆಯದಿದ್ದರೆ ಗೆಳೆಯನನ್ನು ಶಾಲೆಯಿಂದ ಹೊರಹಾಕುತ್ತಾರೆ. ಬೆಟ್ಟ ಹತ್ತಿ ಇಳಿದು ನೆರೆಹಳ್ಳಿಗೆ ಓಡುತ್ತಾನೆ; ಮನೆ ಸಿಕ್ಕುವುದಿಲ್ಲ. ದಾರಿಯಲ್ಲಿ ತಾತನು ಅವನನ್ನು ತಡೆದು ಸಿಗರೇಟು ತರಲು ಕಳುಹಿಸುತ್ತಾನೆ. ತಾತನ ಜೇಬಿನಲ್ಲಿ ಸಿಗರೇಟು ಇದ್ದೇ ಇದೆ! ಹುಡುಗನಿಗೆ ವಿಧೇಯತೆ ಬರಲೆಂದು ಹಾಗೆ ಮಾಡಿದೆನೆಂದು ಪಕ್ಕದವನಿಗೆ ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ. ಇದು ಅಧಿಕಾರದ ಸುಳ್ಳು. ಶಿಸ್ತಿನ ವೇಷ ಹಾಕಿಕೊಂಡದ್ದು. ರಾತ್ರಿ ಅಹಮದನು ಗೆಳೆಯನ ಪುಸ್ತಕದಲ್ಲಿ ತಾನೇ ಪಾಠ ಬರೆದು, ಬೆಳಗ್ಗೆ ಮೇಷ್ಟರ ಮುಂದೆ ಇಡಿಸುತ್ತಾನೆ. ಇದೂ ಸುಳ್ಳೇ. ಹಸನನ ಊರಿನವರು ಆಡಿದ ಜಾತಿಯದೇ. ಆದರೆ ಇದು ಕೊಲ್ಲಲಿಲ್ಲ. ಏಕೆಂದರೆ ಅಹಮದನು ಸುಳ್ಳನ್ನು ಗೆಳೆಯನಿಗೆ ಹೇಳಲಿಲ್ಲ, ಗೆಳೆಯನ ಪರವಾಗಿ ಹೇಳಿದನು. ಎರಡು ಚಿತ್ರಗಳ ನಡುವೆ ಹದಿನೆಂಟು ವರ್ಷ, ಒಂದು ಕ್ರಾಂತಿ, ಇರಾಕಿನೊಡನೆ ನಡೆಯುತ್ತಲೇ ಇದ್ದ ಯುದ್ಧ. ಇಷ್ಟನ್ನು ದಾಟಿ ಬಂದ ಈ ಸಣ್ಣ ವ್ಯತ್ಯಾಸವನ್ನು ‘ಮುಗ್ಧತೆ’ಯೆಂದು ಕರೆದರೆ ಹುಡುಗನ ವಿವೇಕಕ್ಕೆ ಅಪಚಾರವಾಗುತ್ತದೆ.

ಮಜೀದ್ ಮಜೀದಿಯವರ ‘ಸ್ವರ್ಗದ ಮಕ್ಕಳು’ (1997) ಕನ್ನಡದ ಮನೆಗಳಲ್ಲಿ ಎಲ್ಲಕ್ಕಿಂತ ಹೆಚ್ಚು ಜನಪ್ರಿಯ. ಅಣ್ಣ ಅಲಿಯು ತಂಗಿಯ ಪಾದರಕ್ಷೆಗಳನ್ನು ಕಳೆದುಕೊಂಡು, ತಂದೆಯ ಕೈಯಲ್ಲಿ ಹಣವಿಲ್ಲವೆಂದು ಬಲ್ಲವನಾದುದರಿಂದ, ಇಬ್ಬರೂ ಸಂಗತಿಯನ್ನು ಮುಚ್ಚಿಟ್ಟು ಒಂದೇ ಜೊತೆ ಬೂಟಿನಲ್ಲಿ ಸರದಿಯಂತೆ ಶಾಲೆಗೆ ಓಡುತ್ತಾರೆ. ಇಲ್ಲಿಯೂ ಕನಿಕರದ ಮುಚ್ಚುಮರೆಯೇ. ಇದಕ್ಕೆ ಎದುರಾಗಿ ತಂದೆಯ ಪ್ರಾಮಾಣಿಕತೆ: ಮಸೀದಿಯ ಸಕ್ಕರೆಯನ್ನು ಒಡೆದುಕೊಡಲು ಮನೆಗೆ ತಂದಿದ್ದರೂ ತನ್ನ ಚಹಾಕ್ಕೆ ಅದರಲ್ಲಿ ಒಂದು ಚೂರನ್ನೂ ಮುಟ್ಟುವುದಿಲ್ಲ. ಆ ಒಂದು ದೃಶ್ಯ ಚಿನ್ನ. ಉಳಿದಂತೆ ಮಜೀದಿಯವರು ಕಣ್ಣೀರಿನ ಮೇಲೆ ಹೆಚ್ಚು ಭರವಸೆಯಿಡುವವರು. ಕೊನೆಯ ಓಟದ ಪಂದ್ಯದಲ್ಲಿ ಚಿತ್ರದ ಗತಿಯನ್ನು ನಿಧಾನಗೊಳಿಸಿ, ಏದುಸಿರನ್ನು ಹಿಗ್ಗಿಸಿ, ಪ್ರೇಕ್ಷಕನನ್ನು ಬಲವಂತವಾಗಿ ಕರಗಿಸುತ್ತಾರೆ. ಕಿಯಾರೊಸ್ತಮಿಯವರ ಸಂಯಮ ಅವರಲ್ಲಿಲ್ಲ. ‘ಸಾದಾ’ ಎಂಬ ಹೊಗಳಿಕೆ ಹೆಚ್ಚಾಗಿ ಹುಟ್ಟಿದ್ದು ಈ ಚಿತ್ರದಿಂದ ಎಂಬುದು ಆಶ್ಚರ್ಯವಲ್ಲ.

ಮಗು ಬೆಳೆದು ದೊಡ್ಡದಾಗಿ, ಮನೆ ಹಳ್ಳಿಯಿಂದ ನಗರದ ಫ್ಲ್ಯಾಟಿಗೆ ಬಂದಾಗ ಆ ಸುಳ್ಳು ಏನಾಗುತ್ತದೆಂಬುದಕ್ಕೆ ಉತ್ತರ ಅಸ್ಗರ್ ಫರ್ಹಾದಿಯವರ 2011ರ ಚಿತ್ರ. ಅದರ ಹೆಸರನ್ನು ‘ನಾದಿರ್-ಸಿಮೀನರ ಅಗಲಿಕೆ’ ಎನ್ನಬಹುದು. ಬರ್ಲಿನ್ನಿನ ಸ್ವರ್ಣಭಲ್ಲೂಕವೂ ಮರುವರ್ಷ ಆಸ್ಕರ್ ಪ್ರಶಸ್ತಿಯೂ ಅದಕ್ಕೆ ದೊರೆತುವು. ಮರೆವಿನ ರೋಗದಿಂದ ಮಗುವಿನಂತಾದ ಮುದಿ ತಂದೆಯನ್ನು ಬಿಟ್ಟು ಹೋಗಲಾರದ ಗಂಡ. ಮಗಳ ಭವಿಷ್ಯಕ್ಕಾಗಿ ದೇಶವನ್ನೇ ಬಿಡಬೇಕೆನ್ನುವ ಹೆಂಡತಿ. ಮುದುಕರನ್ನು ನೋಡಿಕೊಳ್ಳಲು ಬಂದ ಬಡ ಗರ್ಭಿಣಿ ರಜಿಯಾ. ಮಕ್ಕಳು ಅಮೆರಿಕೆಯಲ್ಲಿದ್ದು ಮುದಿ ತಂದೆತಾಯಿಗಳು ಒಂಟಿಯಾಗಿರುವ ದಕ್ಷಿಣ ಬೆಂಗಳೂರಿನ ಮನೆಗಳಿಗೆ ಈ ಸಂಕಟವನ್ನು ವಿವರಿಸಬೇಕಾಗಿಲ್ಲ. ಕೋಪದಲ್ಲಿ ನಾದಿರನು ರಜಿಯಾಳನ್ನು ಬಾಗಿಲಿನಿಂದ ಹೊರಕ್ಕೆ ದೂಡುತ್ತಾನೆ. ಅವಳ ಗರ್ಭ ನಿಲ್ಲುವುದಿಲ್ಲ. ವ್ಯಾಜ್ಯ ನ್ಯಾಯಾಧೀಶನ ಮುಂದೆ ಬರುತ್ತದೆ. ಅವಳು ಗರ್ಭಿಣಿಯೆಂದು ತನಗೆ ತಿಳಿದಿರಲಿಲ್ಲವೆಂದು ನಾದಿರನು ಹೇಳುತ್ತಾನೆ. ತಿಳಿದಿತ್ತು. ತಾನು ಸೆರೆಗೆ ಹೋದರೆ ತಂದೆಗೂ ಮಗಳಿಗೂ ಯಾರು ಗತಿ ಎಂಬುದು ಅವನ ಸಮರ್ಥನೆ. ಮಗಳು ತೆರ್ಮೆಗೆ ಸತ್ಯ ಗೊತ್ತಾಗುತ್ತದೆ. ನ್ಯಾಯಾಧೀಶನು ಅವಳನ್ನೇ ಕೇಳಿದಾಗ ತಂದೆಯನ್ನು ಉಳಿಸಲು ಅವಳೂ ಸುಳ್ಳಾಡುತ್ತಾಳೆ. ಹಿಂದಿರುಗುವಾಗ ಕಾರಿನಲ್ಲಿ ಅವಳ ಕಣ್ಣಿಂದ ನೀರಿಳಿಯುತ್ತದೆ. ಒಂದು ಮಾತೂ ಇಲ್ಲ. ಅಹಮದನು ಗೆಳೆಯನಿಗಾಗಿ ಆಡಿದ ಸುಳ್ಳು ಇಲ್ಲಿಗೆ ಬಂದು ಮುಟ್ಟಿದೆ.

ಇದಕ್ಕೆ ಎದುರು ನಿಲ್ಲುವವಳು ರಜಿಯಾ. ಪರಿಹಾರದ ಹಣ ಇನ್ನೇನು ಕೈಗೆ ಬರಬೇಕು. ಗಂಡನ ಸಾಲಗಾರರು ಮನೆಯಲ್ಲಿಯೇ ಬಂದು ಕುಳಿತಿದ್ದಾರೆ. ಗರ್ಭಹಾನಿ ತನ್ನಿಂದಲೇ ಆಯಿತೆಂದು ಇವಳು ಕುರಾನನ್ನು ಮುಟ್ಟಿ ಹೇಳಲಿ ಎನ್ನುತ್ತಾನೆ ನಾದಿರ್. ಹಿಂದಿನ ದಿನವೇ ತನಗೆ ಕಾರು ಬಡಿದಿತ್ತೆಂಬ ಸಂಶಯ ಅವಳ ಮನಸ್ಸಿನಲ್ಲಿದೆ. ಅವಳು ಮುಟ್ಟಲಾರಳು. ಹಣ ಹೋಗುತ್ತದೆ, ಮನೆ ಮುರಿಯುತ್ತದೆ. ಪುಣ್ಯಕೋಟಿಯನ್ನು ಇರಾನಿನಲ್ಲಿ ಹುಡುಕುವವರು ಇಲ್ಲಿ ನಿಲ್ಲಬೇಕು. ವ್ಯತ್ಯಾಸವೇನೆಂದರೆ ಇವಳ ಸತ್ಯವನ್ನು ಕಂಡು ಯಾವ ಹುಲಿಯೂ ನಾಚುವುದಿಲ್ಲ. ಫರ್ಹಾದಿಯವರ ಕಥಾಬಂಧ ಕೆಲವೆಡೆ ಗಡಿಯಾರದ ಯಂತ್ರದಂತೆ ಅತಿ ನಯವಾಗಿದೆ, ಆಕಸ್ಮಿಕಗಳು ಬೇಕಾದ ಹೊತ್ತಿಗೆ ಬಂದು ಒದಗುತ್ತವೆಂಬ ಆಕ್ಷೇಪಣೆಯನ್ನು ಮಾಡಬಹುದು. ರಜಿಯಾಳ ಈ ದೃಶ್ಯಕ್ಕೆ ಆ ಆಕ್ಷೇಪಣೆ ತಟ್ಟುವುದಿಲ್ಲ.

ಹೆಂಗಸರ ವಿಷಯದಲ್ಲಿ ಇನ್ನೊಂದು ಮಾತನ್ನು ಹೇಳಲೇಬೇಕು. ‘ಗಾವ್’ ಚಿತ್ರದಲ್ಲಿ ಹಸನನ ಹೆಂಡತಿಗೆ ಅಳುವುದು ಬಿಟ್ಟು ಬೇರೆ ಕೆಲಸವಿಲ್ಲ. ಅವಳ ಮನಸ್ಸಿನಲ್ಲೇನಿತ್ತೆಂದು ಮೆಹರ್‌ಜುಯಿ ಕೇಳಲೇ ಇಲ್ಲ. ಅದು ಆ ಕೃತಿಯ ನಿಜವಾದ ಕೊರತೆ. ಕ್ರಾಂತಿಯ ನಂತರದ ಚಿತ್ರಗಳಲ್ಲಿಯಂತೂ ನಿಯಮದ ಪ್ರಕಾರ ಹೆಂಗಸು ತನ್ನ ಮನೆಯೊಳಗೆ, ತನ್ನ ಗಂಡಮಕ್ಕಳ ಮುಂದೆಯೂ, ತಲೆವಸ್ತ್ರ ತೆಗೆಯುವಂತಿಲ್ಲ. ಯಾವ ಮನೆಯಲ್ಲಿಯೂ ಹಾಗಿರುವುದಿಲ್ಲವೆಂದು ನೋಡುವವರಿಗೆಲ್ಲ ಗೊತ್ತು. ಅತ್ಯಂತ ಸತ್ಯನಿಷ್ಠರಾದ ನಿರ್ದೇಶಕರ ಪ್ರತಿಯೊಂದು ಒಳಾಂಗಣ ದೃಶ್ಯವೂ ಈ ಒಂದು ಅಸತ್ಯವನ್ನು ಹೊತ್ತೇ ನಡೆಯಬೇಕಾಯಿತು. ತಲೆವಸ್ತ್ರ ಸರಿಯಾಗಿಲ್ಲವೆಂದು ಪೊಲೀಸರು ಹಿಡಿದೊಯ್ದ ಮಹ್ಸಾ ಅಮೀನಿ ಎಂಬ 22 ವರ್ಷದ ತರುಣಿ 2022ರ ಸೆಪ್ಟೆಂಬರಿನಲ್ಲಿ ಸತ್ತಾಗ ದೇಶದ ಹೆಂಗಸರು ಬೀದಿಗಿಳಿದರು. ಆ ಬಳಿಕ ಕೆಲವು ನಿರ್ದೇಶಕರು ಅನುಮತಿಯನ್ನೇ ಬೇಡದೆ ಗುಟ್ಟಾಗಿ ಚಿತ್ರ ತೆಗೆದು ಆ ಅಸತ್ಯದಿಂದ ಬಿಡಿಸಿಕೊಂಡರು.

ಅವರಲ್ಲಿ ಹಿರಿಯರು ಜಾಫರ್ ಪನಾಹಿ. 2010ರಲ್ಲಿ ಅವರಿಗೆ ಆರು ವರ್ಷ ಸೆರೆಯನ್ನೂ, ಇಪ್ಪತ್ತು ವರ್ಷ ಚಿತ್ರ ತೆಗೆಯಬಾರದೆಂಬ ನಿಷೇಧವನ್ನೂ ವಿಧಿಸಿದರು. 2022ರ ಜುಲೈಯಲ್ಲಿ ಮತ್ತೆ ಸೆರೆಯಾಗಿ, 2023ರ ಫೆಬ್ರವರಿಯಲ್ಲಿ ಹೊರಬಂದರು. 2025ರ ಮೇ ತಿಂಗಳಲ್ಲಿ ಕಾನ್ ಉತ್ಸವದ ಅತ್ಯುಚ್ಚ ಪ್ರಶಸ್ತಿಯನ್ನು ಪಡೆದ ಅವರ ಚಿತ್ರದ ಫಾರಸಿ ಹೆಸರಿನಲ್ಲಿ ಅದೇ ಶಬ್ದವಿದೆ: ‘ಒಂದು ಸಾದಾ ಅಪಘಾತ’. ಇನ್ನು ಆ ಶಬ್ದವನ್ನು ಹೊಗಳಿಕೆಯಾಗಿ ಬಳಸುವವರು ಸ್ವಲ್ಪ ಯೋಚಿಸುವರೆಂದು ಆಶಿಸಬಹುದು.

ವಾಹಿದನೆಂಬ ಮೆಕ್ಯಾನಿಕನು ಹಿಂದೊಮ್ಮೆ ಸೆರೆಮನೆಯಲ್ಲಿ ಕಣ್ಣು ಕಟ್ಟಿಸಿಕೊಂಡು ಹಿಂಸೆಯನ್ನು ಅನುಭವಿಸಿದವನು. ಹಿಂಸಿಸಿದವನ ಮುಖವನ್ನು ಅವನು ಕಂಡಿಲ್ಲ. ಅವನ ಕೃತಕ ಕಾಲಿನ ಕಿರುಗುಟ್ಟುವ ಸದ್ದು ಮಾತ್ರ ಗೊತ್ತು. ಒಂದು ರಾತ್ರಿ ಆ ಸದ್ದು ಅವನ ಅಂಗಡಿಗೇ ಬರುತ್ತದೆ. ಅವನು ಆ ಮನುಷ್ಯನನ್ನು ಹಿಡಿದು ವ್ಯಾನಿನಲ್ಲಿ ಹಾಕಿಕೊಂಡು, ಗುರುತು ಹಿಡಿಯಬಲ್ಲವರನ್ನು ಹುಡುಕುತ್ತ ನಗರವನ್ನೆಲ್ಲ ಸುತ್ತುತ್ತಾನೆ. ಹಸನನ ಊರಿನವರಿಗೆ ಸತ್ಯ ಗೊತ್ತಿತ್ತು, ಹೇಳಲಿಲ್ಲ; ಇವರಿಗೆ ಸತ್ಯ ಬೇಕು, ಹೇಳುವವನು ಬಾಯಿಬಿಡುವುದಿಲ್ಲ. ನಡುವೆ ಸೆರೆಸಿಕ್ಕವನ ಮನೆಯಿಂದ ಪುಟ್ಟ ಮಗಳ ಫೋನು ಬರುತ್ತದೆ. ಅವನ ಬಸುರಿ ಹೆಂಡತಿಗೆ ಎಚ್ಚರ ತಪ್ಪಿದೆ. ಸೇಡಿಗೆಂದು ಹೊರಟವರೇ ಅವಳನ್ನು ಆಸ್ಪತ್ರೆಗೆ ಸೇರಿಸುತ್ತಾರೆ. ಮಗು ಹುಟ್ಟಿದ ಸಂತೋಷಕ್ಕೆ ಮಿಠಾಯಿಯನ್ನೂ ಹಂಚುತ್ತಾರೆ! ಕನಿಕರವೆಂಬುದು ಆ ಜನರ ಕೈಯಿಂದ ಬಿಡುವಂಥದಲ್ಲ. ಕೊನೆಗೆ ರಾತ್ರಿಯ ಬಯಲಿನಲ್ಲಿ, ಮರಕ್ಕೆ ಕಟ್ಟಿಸಿಕೊಂಡ ಆ ಮನುಷ್ಯನ ಬಾಯಿಂದ ಸತ್ಯ ಹೊರಬೀಳುತ್ತದೆ. ಅವನನ್ನು ಕೊಲ್ಲದೆ ಹೊರಟುಹೋಗುತ್ತಾರೆ.

ಕೆಲವು ದಿನಗಳ ಮೇಲೆ ವಾಹಿದನು ತನ್ನ ಮನೆಯ ಬಳಿ ನಿಂತಿರುವಾಗ ಬೆನ್ನ ಹಿಂದಿನಿಂದ ಆ ಕಾಲಿನ ಸದ್ದು ಕೇಳಿಬರುತ್ತದೆ. ಅವನು ಹಿಂತಿರುಗಿ ನೋಡುವುದಿಲ್ಲ.